ಮನೋರೋಗ ವಾರ್ಡಿನ ನರ್ಸ್: ಸರ್ಟಿಫಿಕೇಟ್ ಸಾಲದು, ನೋಂದಣಿಯೂ ಬೇಕು

ನರ್ಸಿಂಗ್ ಓದುವ ಹೆಣ್ಣುಮಕ್ಕಳು ನಮ್ಮ ಬ್ಯಾರಿ ಮನೆಗಳಲ್ಲಿ ಈಗ ಹೊಸ ಸುದ್ದಿಯೇನಲ್ಲ. ಮಗಳಿಗೆ ಐಸಿಯುನಲ್ಲಿ ಕೆಲಸ ಸಿಕ್ಕಿತು ಅಂದರೆ ಉಮ್ಮ ನಾಲ್ಕು ಮನೆಗೆ ಹೇಳಿ ಬರುತ್ತಾರೆ. ಅದೇ ಮಗಳು 'ನಾನು ಮನೋರೋಗ ವಿಭಾಗಕ್ಕೆ ಹೋಗುತ್ತೇನೆ' ಅಂದರೆ ಮಾತ್ರ ಮನೆಯಲ್ಲಿ ಮೌನ. 'ಹುಚ್ಚಾಸ್ಪತ್ರೆಯಾ? ನಾಳೆ ಸಂಬಂಧ ಕೇಳಿಕೊಂಡು ಬಂದವರಿಗೆ ಎಂತ ಹೇಳುವುದು?' ಎಂಬ ಪ್ರಶ್ನೆ ಎಲ್ಲಕ್ಕಿಂತ ಮೊದಲು ಬರುತ್ತದೆ.

ಆದರೆ ಆ ವಾರ್ಡಿನ ಅಗತ್ಯ ನಮಗಿಲ್ಲವೇ? ಹೆರಿಗೆಯಾದ ಮೇಲೆ ಮಗುವಿನ ಮುಖವನ್ನೇ ನೋಡದೆ ಕುಳಿತ ಸೊಸೆ, ಊರಿಗೆ ಬಂದವನು ಬಾಗಿಲು ಹಾಕಿಕೊಂಡು ರಾತ್ರಿಯಿಡೀ ಒಬ್ಬನೇ ಮಾತಾಡುವ ತಮ್ಮ ನಮ್ಮ ನಡುವೆಯೂ ಇದ್ದಾರೆ. ಮೊದಲು ಮಂತ್ರಿಸಿದ ನೀರು, ಆಮೇಲೆ ದರ್ಗಾಕ್ಕೆ ಹರಕೆ, ಕೊನೆಗೆ ಡಾಕ್ಟರು. ಅಷ್ಟರಲ್ಲಿ ವರ್ಷ ಕಳೆದಿರುತ್ತದೆ. ದುಆ ಬೇಡ ಎಂದು ನಾವು ಹೇಳುತ್ತಿಲ್ಲ. ದುಆದ ಜೊತೆಗೆ ಮದ್ದೂ ಬೇಕು, ಮದ್ದು ಕೊಡುವ ಕೈಗೆ ತರಬೇತಿಯೂ ಬೇಕು.

ತಮಿಳುನಾಡಿನ ಏರ್ವಾಡಿ ನಮ್ಮ ಹಿರಿಯರಿಗೆ ಗೊತ್ತಿಲ್ಲದ ಊರಲ್ಲ. 2001ರ ಆಗಸ್ಟ್ 6ರ ಬೆಳಗಿನ ಜಾವ ಅಲ್ಲಿನ ದರ್ಗಾದ ಆಸುಪಾಸಿನಲ್ಲಿದ್ದ ಖಾಸಗಿ ಮಾನಸಿಕ ರೋಗಿಗಳ ಮನೆಯೊಂದಕ್ಕೆ ಬೆಂಕಿ ಬಿತ್ತು. ಸರಪಳಿಯಲ್ಲಿ ಕಟ್ಟಿಹಾಕಿದ್ದ ರೋಗಿಗಳು ಓಡಲಾಗದೆ ಸುಟ್ಟುಹೋದರು. ಸತ್ತವರು 28 ಮಂದಿ. ಅವರನ್ನು ಅಲ್ಲಿಗೆ ಕರೆತಂದವರು ಶತ್ರುಗಳಲ್ಲ, ಗುಣವಾಗಲಿ ಎಂದು ಆಸೆಪಟ್ಟ ಅವರ ಮನೆಯವರೇ.

ಇವತ್ತು ಕಾನೂನು ಬದಲಾಗಿದೆ. 2018ರ ಮೇ 29ರಿಂದ ಜಾರಿಯಲ್ಲಿರುವ 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ ರೋಗಿಯನ್ನು ಯಾವ ರೀತಿಯಲ್ಲೂ ಸರಪಳಿಯಲ್ಲಿ ಬಿಗಿಯಬಾರದು ಎನ್ನುತ್ತದೆ. ಒಂಟಿ ಕೋಣೆಯಲ್ಲಿ ಕೂಡಿಹಾಕುವಂತಿಲ್ಲ. ರೋಗಿಗೆ ಅಥವಾ ಬೇರೆಯವರಿಗೆ ತಕ್ಷಣದ ಅಪಾಯ ಇದ್ದು, ತಪ್ಪಿಸಲು ಬೇರೆ ದಾರಿಯೇ ಇಲ್ಲದಾಗ ಮಾತ್ರ ಹಿಡಿದು ತಡೆಯಬಹುದು. ಅದಕ್ಕೂ ಮನೋವೈದ್ಯರ ಒಪ್ಪಿಗೆ ಬೇಕು. ಈ ನಿಯಮವನ್ನು ರಾತ್ರಿ ಎರಡು ಗಂಟೆಗೆ ವಾರ್ಡಿನಲ್ಲಿ ಪಾಲಿಸಬೇಕಾದವರು ಯಾರು? ಡ್ಯೂಟಿಯಲ್ಲಿರುವ ನರ್ಸ್. ಅದಕ್ಕೇ ಆ ನರ್ಸ್ ಯಾರು, ಎಲ್ಲಿ ಓದಿದವರು, ಯಾರಿಗೆ ಉತ್ತರ ಕೊಡಬೇಕಾದವರು ಎಂಬುದನ್ನು ನೋಂದಣಿ ಹೇಳುತ್ತದೆ.

ದಾರಿ ಹೀಗಿದೆ. ಪಿಯುಸಿ ನಂತರ ಮೂರು ವರ್ಷದ ಜಿಎನ್‌ಎಂ ಡಿಪ್ಲೊಮಾ, ಅಥವಾ ವಿಜ್ಞಾನ ಓದಿದವರಿಗೆ ನಾಲ್ಕು ವರ್ಷದ ಬಿಎಸ್ಸಿ ನರ್ಸಿಂಗ್. ಎರಡರಲ್ಲೂ ಮನೋರೋಗ ಶುಶ್ರೂಷೆ ಒಂದು ಪಾಠವೇ. ಪಾಸಾದ ಮೇಲೆ ಕರ್ನಾಟಕ ರಾಜ್ಯ ಶುಶ್ರೂಷಾ ಪರಿಷತ್ತು, ಅಂದರೆ ನರ್ಸಿಂಗ್ ಕೌನ್ಸಿಲಿನಲ್ಲಿ ಹೆಸರು ನೋಂದಾಯಿಸಬೇಕು. ಈ ವಿಭಾಗದಲ್ಲೇ ಮುಂದುವರಿಯುವ ಆಸೆ ಇದ್ದರೆ ಒಂದು ವರ್ಷದ ಪೋಸ್ಟ್ ಬೇಸಿಕ್ ಡಿಪ್ಲೊಮಾ ಅಥವಾ ಎರಡು ವರ್ಷದ ಎಂಎಸ್ಸಿ ಉಂಟು. ಬೆಂಗಳೂರಿನ ನಿಮ್ಹಾನ್ಸ್ ಇದರಲ್ಲಿ ದೇಶಕ್ಕೇ ಹೆಸರುವಾಸಿ.

ಹೆಚ್ಚಿನವರಿಗೆ ಗೊತ್ತಿಲ್ಲದ ಎರಡನೇ ಮೆಟ್ಟಿಲು ಇನ್ನೊಂದಿದೆ. ಮಾನಸಿಕ ಆರೋಗ್ಯ ವೃತ್ತಿಪರರಾಗಿ ಕೆಲಸ ಮಾಡುವ ನರ್ಸ್‌ಗಳು, ಕ್ಲಿನಿಕಲ್ ಸೈಕಾಲಜಿಸ್ಟರು ಮತ್ತು ಮನೋರೋಗ ಸಮಾಜ ಕಾರ್ಯಕರ್ತರನ್ನು ರಾಜ್ಯ ಮಾನಸಿಕ ಆರೋಗ್ಯ ಪ್ರಾಧಿಕಾರ ಪ್ರತ್ಯೇಕವಾಗಿ ನೋಂದಾಯಿಸಿ ಪಟ್ಟಿ ಪ್ರಕಟಿಸಬೇಕು ಎಂದು ಕಾಯ್ದೆ ಹೇಳುತ್ತದೆ. ಸಂಸ್ಥೆಗೂ ನೋಂದಣಿ ಕಡ್ಡಾಯ. ನೋಂದಣಿ ಇಲ್ಲದ ಸಂಸ್ಥೆ ಎಂದು ಗೊತ್ತಿದ್ದೂ ಅಲ್ಲಿ ವೃತ್ತಿಪರರಾಗಿ ದುಡಿದರೆ 25,000 ರೂಪಾಯಿವರೆಗೆ ದಂಡ ಬೀಳಬಹುದು. 'ಮಾಲಕರು ನೋಡಿಕೊಳ್ಳುತ್ತಾರೆ' ಎಂದು ಸುಮ್ಮನಿರುವ ವಿಷಯ ಇದಲ್ಲ.

ನಮ್ಮ ಮಕ್ಕಳಿಗೆ ಎದುರಾಗುವ ತೊಡಕು ಇನ್ನೊಂದು: ಹೆಸರು. ಎಸ್ಸೆಸ್ಸೆಲ್ಸಿಯಲ್ಲಿ ಫಾತಿಮತ್, ಆಧಾರಿನಲ್ಲಿ ಫಾತಿಮಾ, ಪಾಸ್‌ಪೋರ್ಟಿನಲ್ಲಿ ಮದುವೆಯ ನಂತರ ಗಂಡನ ಹೆಸರು ಬೇರೆ. ಇಂಗ್ಲಿಷಿನಲ್ಲಿ ಒಂದೊಂದು ಕಡೆ ಒಂದೊಂದು ಸ್ಪೆಲ್ಲಿಂಗ್. ಶಾಲೆಗೆ ಸೇರಿಸುವ ದಿನ ಯಾರೋ ಬರೆದುಕೊಟ್ಟ ಹೆಸರು ಇಪ್ಪತ್ತು ವರ್ಷ ಕಳೆದು ಕೌನ್ಸಿಲಿನ ಕೌಂಟರಿನಲ್ಲಿ ತಡೆಯುತ್ತದೆ. ಕಾಲೇಜಿಗೆ ಸೇರಿಸುವ ಮೊದಲೇ ಎಲ್ಲ ದಾಖಲೆ ಎದುರಿಟ್ಟು ಒಮ್ಮೆ ಓದಿ, ಸರಿಪಡಿಸಿ.

ನೋಂದಣಿ ಸಿಕ್ಕಿದ ಮೇಲೆ ಅದನ್ನು ಉಳಿಸಿಕೊಳ್ಳುವುದು ಬೇರೆಯೇ ಕೆಲಸ. ಭಾರತೀಯ ನರ್ಸಿಂಗ್ ಕೌನ್ಸಿಲಿನ ನಿಯಮದಂತೆ ಐದು ವರ್ಷಕ್ಕೊಮ್ಮೆ ನವೀಕರಣ ಆಗಬೇಕು. ಅಷ್ಟರೊಳಗೆ 150 ಗಂಟೆಗಳ ಮುಂದುವರಿಕೆ ಶಿಕ್ಷಣ, ಅಂದರೆ ಕಾರ್ಯಾಗಾರ, ತರಬೇತಿಗಳಲ್ಲಿ ಭಾಗವಹಿಸಿದ ದಾಖಲೆ ಬೇಕು. ಹಾಜರಾದ ಪ್ರತಿ ಕಾರ್ಯಕ್ರಮದ ಸರ್ಟಿಫಿಕೇಟನ್ನು ಅಂದೇ ಒಂದು ಫೈಲಿಗೆ ಹಾಕಿಬಿಡಿ. ಐದನೇ ವರ್ಷದಲ್ಲಿ ಹುಡುಕಿದರೆ ಸಿಗುವುದಿಲ್ಲ.

ನಮಗೆ ಪರಿಚಯದ ಮನೆಯೊಂದರ ಸೊಸೆ ಮದುವೆಗೆ ಮೊದಲು ಮೂರು ವರ್ಷ ನರ್ಸ್ ಆಗಿದ್ದವರು. ಆಮೇಲೆ ಎರಡು ಮಕ್ಕಳು, ಎಂಟು ವರ್ಷ ಮನೆ. ಗಲ್ಫಿನಲ್ಲಿದ್ದ ಗಂಡನ ಕೆಲಸ ಹೋದಾಗ ಮತ್ತೆ ಡ್ಯೂಟಿಗೆ ಹೊರಟರು. ಆಸ್ಪತ್ರೆಯವರು ಕೇಳಿದ್ದು ಚಾಲ್ತಿಯಲ್ಲಿರುವ ನೋಂದಣಿ. ಕಪಾಟಿನಲ್ಲಿ ಜೋಪಾನವಾಗಿ ಇಟ್ಟಿದ್ದ ಕಾಗದದ ಅವಧಿ ಯಾವಾಗಲೋ ಮುಗಿದಿತ್ತು. ಮನೆಗೆ ಸಂಬಳ ಬಹಳ ಬೇಕಿದ್ದ ತಿಂಗಳುಗಳು ಅರ್ಜಿ, ಅಫಿದವಿತ್, ಬೆಂಗಳೂರಿನ ಬಸ್ಸು ಎಂದು ಕಳೆದವು. ಮನೆಯಲ್ಲಿ ಕುಳಿತಿದ್ದರೂ ನವೀಕರಣ ತಪ್ಪಿಸಬೇಡಿ ಎಂದು ಅವರು ಈಗ ಎಲ್ಲರಿಗೂ ಹೇಳುತ್ತಾರೆ. ಗಂಡನ ಮನೆಯವರೂ ಇದನ್ನು ಸೊಸೆಯ ಒಬ್ಬಳ ಉಸಾಬರಿ ಎಂದು ಬಿಡಬಾರದು.

ಗಲ್ಫ್ ಕನಸು ಇದ್ದವರಿಗೆ ಇದು ಇನ್ನೂ ಮುಖ್ಯ. ಸೌದಿಯಲ್ಲಿ ಆರೋಗ್ಯ ತಜ್ಞರ ಆಯೋಗ, ದುಬೈಯಲ್ಲಿ ಅಲ್ಲಿನ ಆರೋಗ್ಯ ಪ್ರಾಧಿಕಾರ ಪ್ರತ್ಯೇಕ ಪರವಾನಗಿ ಕೊಡುತ್ತವೆ. ಪರೀಕ್ಷೆ ಇರುತ್ತದೆ. ನೀವು ಕೊಟ್ಟ ದಾಖಲೆಗಳನ್ನು ಅವು ಹೊರಟ ಕಡೆಯಲ್ಲೇ ವಿಚಾರಿಸಿ ತಾಳೆ ನೋಡುತ್ತಾರೆ. ಊರಿನ ಕೌನ್ಸಿಲಿನಿಂದ ಗುಡ್ ಸ್ಟ್ಯಾಂಡಿಂಗ್ ಪತ್ರವೂ ಬೇಕಾಗುತ್ತದೆ. ಇಲ್ಲಿನ ನೋಂದಣಿ ಸತ್ತಿದ್ದರೆ ಅಲ್ಲಿನ ಬಾಗಿಲು ತೆರೆಯುವುದಿಲ್ಲ. ಸುಳ್ಳು ಅನುಭವ ಪತ್ರ ಮಾಡಿಕೊಡುವ ಏಜೆಂಟರ ಮಾತು ಕೇಳಿದರೆ ಇದ್ದ ದಾರಿಯೂ ಮುಚ್ಚೀತು.

ನರ್ಸಿಂಗ್ ಓದದ ಮನೆಗಳಿಗೂ ಇದರಲ್ಲಿ ಒಂದು ಮಾತುಂಟು. ನಿಮ್ಮವರನ್ನು ಯಾವುದೇ ಕೇಂದ್ರಕ್ಕೆ ಸೇರಿಸುವ ಮೊದಲು 'ಇದಕ್ಕೆ ಪ್ರಾಧಿಕಾರದ ನೋಂದಣಿ ಉಂಟಾ? ರಾತ್ರಿ ಡ್ಯೂಟಿಯ ನರ್ಸ್ ನೋಂದಾಯಿತರಾ?' ಎಂದು ಕೇಳಿ. ನಾಚಿಕೆ ಬೇಡ, ಕೇಳುವುದು ನಿಮ್ಮ ಹಕ್ಕು. ತಾಲೂಕು ಆಸ್ಪತ್ರೆಗಳಲ್ಲಿ 'ಮನೋಚೈತನ್ಯ' ಹೆಸರಿನ ಮಂಗಳವಾರದ ಕ್ಲಿನಿಕ್ ಇದೆ. ಫೋನಿನಲ್ಲೇ ಮಾತಾಡಬೇಕಿದ್ದರೆ ಟೆಲಿ ಮಾನಸ್ ಸಹಾಯವಾಣಿ 14416, ಉಚಿತ.

ಇನ್ನು ಆ ಮಗಳ ಮಾತಿಗೆ ಬರೋಣ. ಸಂಬಂಧ ಕೇಳಿ ಬಂದವರಿಗೆ ಎಂತ ಹೇಳುವುದು? 'ನಮ್ಮ ಮಗಳು ಮನಸ್ಸು ನೊಂದವರನ್ನು ನೋಡಿಕೊಳ್ಳುತ್ತಾಳೆ. ಸರ್ಕಾರದ ಪಟ್ಟಿಯಲ್ಲಿ ಅವಳ ಹೆಸರುಂಟು' ಎಂದು ತಲೆ ಎತ್ತಿ ಹೇಳಿ. ಬಂದವರ ಮನೆಯಲ್ಲೂ ಬಾಗಿಲು ಹಾಕಿಕೊಂಡು ಕುಳಿತವರು ಒಬ್ಬರಿರಬಹುದು. ಹೊರಡುವಾಗ ಅವರು ಮೆಲ್ಲನೆ ನಿಮ್ಮ ಮಗಳ ನಂಬರ್ ಕೇಳಿಯಾರು.