ಬಣ್ಣ ಮತ್ತು ದನಿ: ಸಹ್ಯಾದ್ರಿಯ ಹಾಡುಹಕ್ಕಿಗಳನ್ನು ಗುರುತಿಸುವ ಬಗೆ

ಕನ್ನಡ ಕಾವ್ಯವನ್ನು ಪಾಠ ಹೇಳುವವರಿಗೂ ಕೇಳುವವರಿಗೂ ಪರಿಚಿತವಾದ ಒಂದು ತೊಡಕಿದೆ. ಕವಿತೆಯಲ್ಲಿ ಕಾಜಾಣವೋ ಪಿಕಳಾರವೋ ಮಡಿವಾಳವೋ ಬಂದಾಗ ನಿಘಂಟನ್ನು ತೆರೆದರೆ ಅಲ್ಲಿ ದೊರೆಯುವುದು ಎಷ್ಟೋ ಸಲ ‘ಒಂದು ಬಗೆಯ ಹಕ್ಕಿ’ ಎಂಬಷ್ಟೇ ಅರ್ಥ. ಮಲೆನಾಡಿನಲ್ಲಿ ಬೆಳೆದ ಓದುಗನಿಗೆ ಆ ಹೆಸರಿನೊಡನೆ ಒಂದು ಬಣ್ಣ, ಒಂದು ದನಿ, ದಿನದ ಒಂದು ಹೊತ್ತು ತಾನಾಗಿ ನೆನಪಿಗೆ ಬರುತ್ತವೆ. ಮುಂಬಯಿಯಲ್ಲೋ ಪುಣೆಯಲ್ಲೋ ಹುಟ್ಟಿದ ಕನ್ನಡಿಗನಿಗೆ ಆ ಜಾಗ ಖಾಲಿಯಾಗಿಯೇ ಉಳಿಯುತ್ತದೆ. ಕವನಸಂಕಲನವೊಂದಕ್ಕೆ ‘ಪಕ್ಷಿಕಾಶಿ’ ಎಂದೇ ಹೆಸರಿಟ್ಟ ಕುವೆಂಪು ಅವರಂಥ ಕವಿಯನ್ನು ಓದುವಾಗ ಈ ಕೊರತೆಯನ್ನು ಸಣ್ಣದೆನ್ನುವಂತಿಲ್ಲ.

ಆದರೆ ಈ ಹಕ್ಕಿಗಳು ಮುಂಬಯಿಗೆ ದೂರದವಲ್ಲ. ತಾಪಿ ನದಿಯ ದಕ್ಷಿಣದಿಂದ ಕನ್ಯಾಕುಮಾರಿಯ ಸಮೀಪದವರೆಗೆ ಸುಮಾರು 1600 ಕಿಲೋಮೀಟರ್ ಉದ್ದಕ್ಕೆ ಚಾಚಿರುವ ಸಹ್ಯಾದ್ರಿಗೆ ರಾಜ್ಯಗಳ ಗಡಿ ತಿಳಿಯದು. ಬೋರಿವಲಿಯ ಸಂಜಯ ಗಾಂಧಿ ರಾಷ್ಟ್ರೀಯ ಉದ್ಯಾನದ ಸುಮಾರು 104 ಚದರ ಕಿಲೋಮೀಟರ್ ಕಾಡಿನಲ್ಲಿ, ಪನವೇಲಿನಾಚೆಯ ಕರ್ನಾಳಾ ಪಕ್ಷಿಧಾಮದಲ್ಲಿ, ಮಾಥೇರಾನಿನ ಇಳಿಜಾರುಗಳಲ್ಲಿ ಕಾಜಾಣವೂ ಇದೆ, ಪಿಕಳಾರವೂ ಇದೆ, ಮಡಿವಾಳವಂತೂ ಉಪನಗರದ ತೋಟಗಳಲ್ಲಿಯೂ ಹಾಡುತ್ತದೆ. ಹೆಸರನ್ನು ಬಲ್ಲವರಿಗೆ ಹಕ್ಕಿಯ ಗುರುತಿಲ್ಲ. ಹಕ್ಕಿಯನ್ನು ದಿನವೂ ಕಾಣುವವರಿಗೆ ಕನ್ನಡದ ಹೆಸರು ತಿಳಿಯದು. ಇವೆರಡನ್ನೂ ಕೂಡಿಸಬೇಕಾದರೆ ಗುರುತಿಸುವ ವಿದ್ಯೆಯನ್ನು ತಕ್ಕಮಟ್ಟಿಗಾದರೂ ಅರಿಯಬೇಕಾಗುತ್ತದೆ.

ಈ ವಿದ್ಯೆಯ ಭಾರತೀಯ ಇತಿಹಾಸದಲ್ಲಿ ಮುಂಬಯಿಯ ಪಾತ್ರ ಹಿರಿದು. ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿ 1883ರಲ್ಲಿ ಇಲ್ಲಿ ಸ್ಥಾಪನೆಯಾಯಿತು. ಬಾಲಕ ಸಲೀಂ ಅಲಿ ತಾನು ಹೊಡೆದ ಗುಬ್ಬಿಯ ಕೊರಳಲ್ಲಿ ಹಳದಿ ಮಚ್ಚೆಯನ್ನು ಕಂಡು, ಅದಾವ ಹಕ್ಕಿಯೆಂದು ಕೇಳಲು ಬಂದದ್ದು ಈ ಸಂಸ್ಥೆಗೇ. ಒಂದು ಬಣ್ಣದ ಮಚ್ಚೆಯ ಬಗೆಗಿನ ಕುತೂಹಲ ಬದುಕಿನ ದಾರಿಯನ್ನೇ ತಿರುಗಿಸಿದ ಕತೆಯನ್ನು ಅವರು 1985ರ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ. ಅವರೇ ಮುಂದೆ ಮೈಸೂರು ಸಂಸ್ಥಾನದ ಪಕ್ಷಿಗಳ ಸಮೀಕ್ಷೆ ನಡೆಸಿದರು. ರಂಗನತಿಟ್ಟು 1940ರಲ್ಲಿ ಪಕ್ಷಿಧಾಮವಾದುದೂ ಅವರ ಒತ್ತಾಯದಿಂದಲೇ.

ಹಕ್ಕಿಯನ್ನು ಗುರುತಿಸಲು ಹೊರಟವನು ಮೊದಲು ನಂಬುವುದು ಬಣ್ಣವನ್ನು. ಕನ್ನಡದ ಹೆಸರುಗಳೂ ಅದಕ್ಕೆ ಇಂಬು ಕೊಡುತ್ತವೆ: ಹೊನ್ನಕ್ಕಿ, ಚಿತ್ರಪಕ್ಷಿ, ನವರಂಗ, ಎಲೆಹಕ್ಕಿ. ಈ ನಂಬಿಕೆ ಪೂರ್ತಿ ಸುಳ್ಳಲ್ಲ. ಆದರೆ ಬಣ್ಣವು ಹಕ್ಕಿಯ ಮೈಗೆ ಹೇಗೆ ಬರುತ್ತದೆಂಬುದನ್ನು ತಿಳಿದರೆ ಅದನ್ನು ಎಷ್ಟರಮಟ್ಟಿಗೆ ನಂಬಬೇಕೆಂಬುದೂ ತಿಳಿದೀತು. ಕಪ್ಪು ಮತ್ತು ಕಂದುಗಳು ಹಕ್ಕಿಯ ಮೈಯೇ ತಯಾರಿಸಿಕೊಳ್ಳುವ ಮೆಲನಿನ್ ಎಂಬ ವರ್ಣದ್ರವ್ಯದವು. ಹಳದಿ, ಕಿತ್ತಳೆ, ಕೆಂಪುಗಳಿಗೆ ಸಾಮಾನ್ಯವಾಗಿ ಕಾರಣವಾದ ಕೆರೊಟಿನಾಯ್ಡ್‌ಗಳು ತಿನ್ನುವ ಹಣ್ಣು, ಹುಳುಗಳ ಮೂಲಕ ಬರುವಂಥವು. ಆದರೆ ನೀಲಿಗೆ ವರ್ಣದ್ರವ್ಯವೇ ಇಲ್ಲ. ಗರಿಯೊಳಗಿನ ಅತಿಸೂಕ್ಷ್ಮ ರಚನೆಯ ಮೇಲೆ ಬಿದ್ದ ಬೆಳಕು ಚೆದುರುವುದರಿಂದ ನಮ್ಮ ಕಣ್ಣಿಗೆ ನೀಲಿ ಕಾಣುತ್ತದೆ. ಗರಿಯನ್ನು ಅರೆದು ಪುಡಿಮಾಡಿದರೆ ಆ ನೀಲಿ ಮಾಯವಾಗುತ್ತದೆ. ಆದ್ದರಿಂದಲೇ ಬಿಸಿಲಿನಲ್ಲಿ ಹೊಳೆಯುವ ನೀಲಿ ಹಕ್ಕಿ ನೆರಳಿಗೆ ಸರಿದೊಡನೆ ಕಪ್ಪಾಗುತ್ತದೆ. ಹಳ್ಳದ ಬಂಡೆಯ ಮೇಲೆ ಕುಳಿತ ಮಲಬಾರಿನ ಸಿಳ್ಳಾರ ಎಷ್ಟೋ ಜನರಿಗೆ ಬರಿಯ ಕರಿಯ ಹಕ್ಕಿ. ಒಂದು ಕಿರಣ ಹಣೆ, ಹೆಗಲುಗಳ ಮೇಲೆ ಬಿದ್ದಾಗಲೇ ಅಲ್ಲಿ ಉಜ್ಜ್ವಲವಾದ ನೀಲಿ ಪಟ್ಟೆಗಳಿವೆಯೆಂದು ತಿಳಿಯುವುದು.

ಇನ್ನೊಂದು ತೊಡಕು ಗಂಡು ಹೆಣ್ಣುಗಳದು. ಕಿತ್ತಳೆ ಬಣ್ಣದ ಚಿತ್ರಪಕ್ಷಿಯ ಗಂಡು ಕಪ್ಪು ತಲೆ, ಬೆಂಕಿಯಂಥ ಎದೆಯ ಹಕ್ಕಿ. ಹೆಣ್ಣಿಗೆ ಅದೇ ವಿನ್ಯಾಸದಲ್ಲಿ ಕಪ್ಪಿನ ಬದಲು ಬೂದು, ಕಿತ್ತಳೆಯ ಬದಲು ಹಳದಿ. ಒಂದೇ ಗುಂಪಿನಲ್ಲಿ ಮರದಿಂದ ಮರಕ್ಕೆ ಹಾರುವಾಗ ಎರಡು ಜಾತಿಯ ಹಕ್ಕಿಗಳು ಜೊತೆಗೂಡಿದಂತೆ ತೋರುತ್ತದೆ. ಈ ಸಂಗತಿಯಲ್ಲಿ ಪರಾಕಾಷ್ಠೆಯೆಂದರೆ ಬಾಲದಂಡೆ ಹಕ್ಕಿ. ಗಂಡಿನ ತಲೆ ಹೊಳೆಯುವ ಕಪ್ಪು, ಮೈ ಹಾಲುಬಿಳುಪು, ಹಿಂದೆ ರಿಬ್ಬನ್ನಿನಂತೆ ಅಲೆಯುವ ಎರಡು ಉದ್ದ ಗರಿ. ಕಂಡವರು ಮರೆಯುವಂತಿಲ್ಲ. ಆದರೆ ಅದೇ ಕಾಡಿನಲ್ಲಿ ಅಷ್ಟೇ ಉದ್ದ ಬಾಲದ, ಮೈಯೆಲ್ಲ ಇಟ್ಟಿಗೆಗೆಂಪಿನ ಹಕ್ಕಿಯೂ ಕಾಣುತ್ತದೆ; ಅದೂ ಗಂಡೇ. ಮೋಟು ಬಾಲದ ಇಟ್ಟಿಗೆಗೆಂಪಿನ ಹಕ್ಕಿ ಹೆಣ್ಣಾಗಿರಬಹುದು, ಇನ್ನೂ ಬಾಲ ಬಾರದ ಎಳೆಯ ಗಂಡೂ ಆಗಿರಬಹುದು. ಅವನ್ನು ಬೇರ್ಪಡಿಸಲು ಗಂಟಲನ್ನು ನೋಡಬೇಕು: ಹೆಣ್ಣಿನದು ಬೂದು, ಬಲಿತ ಗಂಡಿನದು ಕಪ್ಪು. ಇಷ್ಟು ಸೊಗಸಿನ ಹಕ್ಕಿಯ ಕರೆ ಮಾತ್ರ ಸವೆದ ಕೀಲಿನ ಕಿರುಗುಟ್ಟುವಿಕೆಯಂತೆ ಒರಟು. ಬಣ್ಣ ಮೂರು ಬಗೆಯಾದರೂ ಆ ಕಿರುಕು ದನಿ ಒಂದೇ ಎಂಬುದು ಗಮನಾರ್ಹ.

ಬಣ್ಣವನ್ನು ನೋಡುವಾಗ ‘ಯಾವ ಬಣ್ಣ’ ಎನ್ನುವುದಕ್ಕಿಂತ ‘ಬಣ್ಣ ಎಲ್ಲಿದೆ’ ಎನ್ನುವ ಪ್ರಶ್ನೆ ಹೆಚ್ಚು ಫಲಕಾರಿ. ಹೊನ್ನಕ್ಕಿಗಳೇ ಇದಕ್ಕೆ ನಿದರ್ಶನ. ಮೂರು ಹೊನ್ನಕ್ಕಿಗಳೂ ಹೊನ್ನಿನ ಬಣ್ಣದವೇ, ರೆಕ್ಕೆಯಲ್ಲಿ ಕಪ್ಪು, ಕೊಕ್ಕು ನಸುಗೆಂಪು. ಭಾರತದ ಹೊನ್ನಕ್ಕಿಯ ಗಂಡಿಗೆ ಕಣ್ಣಿನ ಮೇಲೆ ಹಾದು ತುಸು ಹಿಂದಕ್ಕೆ ನಿಲ್ಲುವ ಕಪ್ಪು ಗೆರೆ, ಕಾಡಿಗೆ ತೀಡಿದಂತೆ. ಆ ಗೆರೆ ಅಗಲವಾಗಿ ಹಿಂದೆಲೆಯನ್ನು ಬಳಸಿ ಕೂಡಿಕೊಂಡರೆ ಅದು ಚಳಿಗಾಲದಲ್ಲಿ ಬರುವ ಕರಿಕತ್ತಿನ ಹೊನ್ನಕ್ಕಿ. ತಲೆ, ಗಂಟಲು ಪೂರ್ತಿ ಕಪ್ಪಾದರೆ ವರ್ಷವಿಡೀ ಇಲ್ಲಿಯೇ ನೆಲಸುವ ಕರಿತಲೆಯ ಹೊನ್ನಕ್ಕಿ. ಹೀಗೆ ಕಪ್ಪಿನ ಎಲ್ಲೆಯನ್ನು ಹಿಡಿದರೆ ಹೊನ್ನು ತಾನಾಗಿ ವಿಂಗಡವಾಗುತ್ತದೆ. ಮರಿಗಳ ವಿಷಯ ಬೇರೆ. ಕರಿತಲೆಯ ಜಾತಿಯ ಎಳೆಯ ಹಕ್ಕಿಗೆ ಹಣೆಯಲ್ಲಿ ಹಳದಿ, ಗಂಟಲಲ್ಲಿ ಬಿಳಿ ಗೀರುಗಳಿದ್ದು ಹೊಸಬರನ್ನು ದಿಕ್ಕುತಪ್ಪಿಸುತ್ತದೆ.

ಎಲೆಗಳ ನಡುವೆ ಎಲೆಯೇ ಆಗಿ ಕುಳಿತ ಹಸಿರು ಹಕ್ಕಿಯ ಮುಂದೆ ಈ ಸೂತ್ರಗಳೆಲ್ಲ ಸೋಲುತ್ತವೆ. ಅಲ್ಲಿ ಕಿವಿಯೇ ದಾರಿ. ಮೊದಲು ‘ಹಾಡು’ ಬೇರೆ, ‘ಕರೆ’ ಬೇರೆ ಎಂಬುದನ್ನು ಅರಿಯಬೇಕು. ಕರೆ ಚಿಕ್ಕದು, ವರ್ಷವಿಡೀ ಕೇಳುವಂಥದು. ಭಯ, ಹಸಿವು, ಗುಂಪಿನ ಒಗ್ಗಟ್ಟು ಇವಕ್ಕೆ ಸಂಬಂಧಿಸಿದ್ದು. ಹಾಡು ದೀರ್ಘ; ಮುಖ್ಯವಾಗಿ ಕೂಡುವ ಕಾಲದಲ್ಲಿ ಗಂಡು ತನ್ನ ನೆಲೆಯನ್ನು ಸಾರಲು, ಹೆಣ್ಣನ್ನು ಒಲಿಸಲು ಹಾಡುವಂಥದು. ಮನುಷ್ಯನಿಗಿರುವ ಧ್ವನಿಪೆಟ್ಟಿಗೆಯಿಂದಲ್ಲ, ಶ್ವಾಸನಾಳವು ಎರಡಾಗಿ ಕವಲೊಡೆಯುವ ಕಡೆ ಇರುವ ಬೇರೊಂದು ಅಂಗದಿಂದ ಈ ನಾದ ಹೊರಡುತ್ತದೆ. ಅದರ ಎರಡು ಬದಿಗಳೂ ಬೇರೆಬೇರೆಯಾಗಿ ನುಡಿಯಬಲ್ಲವಾದ್ದರಿಂದ ಕೆಲವು ಹಕ್ಕಿಗಳು ಏಕಕಾಲದಲ್ಲಿ ಎರಡು ಸ್ವರಗಳನ್ನು ಹೊರಡಿಸುತ್ತವೆ.

ಭಾಷೆಯ ವಿದ್ಯಾರ್ಥಿಗಳಿಗೆ ಇದಕ್ಕಿಂತಲೂ ಸ್ವಾರಸ್ಯವಾದುದು, ಹಾಡುಹಕ್ಕಿಗಳು ಹಾಡನ್ನು ಕಲಿಯುತ್ತವೆ ಎಂಬುದು. ಕೇಂಬ್ರಿಜಿನ ಥಾರ್ಪ್ ಎಂಬ ವಿಜ್ಞಾನಿ 1950ರ ದಶಕದಲ್ಲಿ ಇಂಗ್ಲೆಂಡಿನ ಚಾಫಿಂಚ್ ಮರಿಗಳನ್ನು ಹಿರಿಯರ ಹಾಡು ಕೇಳದಂತೆ ಬೆಳೆಸಿದಾಗ ಅವು ಹಾಡಿದ್ದು ತೀರ ಸರಳವಾದ, ರೂಪುಗೆಟ್ಟ ಹಾಡನ್ನು. ಪರಂಪರೆಯನ್ನು ಕೇಳದವನಿಗೆ ಮಾತು ಕೂಡಿಬರದೆಂಬುದು ಮನುಷ್ಯನಿಗೆ ಮಾತ್ರ ಸಲ್ಲುವ ಸಂಗತಿಯಲ್ಲ.

ಕಲಿಯುವ ಶಕ್ತಿಯಿದ್ದಲ್ಲಿ ಕದಿಯುವ ಶಕ್ತಿಯೂ ಇರುತ್ತದೆ. ಎಲೆಹಕ್ಕಿ ಒಂದೇ ಕೊಂಬೆಯಲ್ಲಿ ಕುಳಿತು ಪಿಕಳಾರ, ಕಾಜಾಣ, ಸಿಂಪಿಗಗಳ ದನಿಗಳನ್ನು ಒಂದರ ಹಿಂದೊಂದರಂತೆ ಹೊರಡಿಸುತ್ತದೆ. ಬಾಲದ ತುದಿಯಲ್ಲಿ ಎರಡು ಬಿಲ್ಲೆಗಳನ್ನು ತೂಗಾಡಿಸುವ ಕಾಜಾಣವೂ ಇದರಲ್ಲಿ ನಿಪುಣ. ಗಿಡುಗದ ಕೂಗನ್ನೂ ಬಿಡದು. ಒಂದೇ ಮರದ ಒಂದೇ ಜಾಗದಿಂದ ಅರೆ ನಿಮಿಷದೊಳಗೆ ನಾಲ್ಕು ಹಕ್ಕಿಗಳ ದನಿ ಬಂದರೆ ಅಲ್ಲಿ ಇರುವುದು ಬಹುಶಃ ಒಂದೇ ಹಕ್ಕಿ ಎಂದು ಅನುಭವಿಗಳು ಊಹಿಸುತ್ತಾರೆ. ಅನುಕರಣವೇ ಅದರ ಗುರುತು.

ಈ ಕಾಡುಗಳ ಗಾಯಕರಲ್ಲಿ ಅಗ್ರಸ್ಥಾನ ಶಾಮಕ್ಕೆ ಸಲ್ಲಬೇಕು. ಮಡಿವಾಳದ ಹತ್ತಿರದ ಬಂಧುವಾದ ಇದರ ಬೆನ್ನು ಹೊಳೆಯುವ ಕಪ್ಪು, ಹೊಟ್ಟೆ ಕೆಂಗಂದು, ಬಾಲ ಉದ್ದ, ಬಾಲದ ಬುಡದಲ್ಲಿ ಹಾರುವಾಗ ಮಿಂಚುವ ಬಿಳುಪು. ಬಿದಿರುಮೆಳೆಯ ಮಬ್ಬಿನಲ್ಲಿ ಅವಿತು, ಮಂದ್ರದಿಂದ ತಾರಕ್ಕೆ ಏರಿಳಿಯುತ್ತ ಹಾಡನ್ನು ಬೆಳೆಸುತ್ತದೆ. ಮುದ್ರಿತವಾದ ಹಕ್ಕಿಯ ಹಾಡುಗಳಲ್ಲಿ ಮೊದಲನೆಯದೆಂದು ಪ್ರಸಿದ್ಧವಾದುದು ಶಾಮದ್ದೇ: ಜರ್ಮನಿಯಲ್ಲಿ 1889ರಲ್ಲಿ, ಲುಡ್ವಿಗ್ ಕಾಕ್ ಎಂಬ ಬಾಲಕ ಪಂಜರದ ಶಾಮವೊಂದರ ದನಿಯನ್ನು ಮೇಣದ ಸಿಲಿಂಡರಿನ ಮೇಲೆ ಹಿಡಿದಿಟ್ಟ.

ಮೇಣದ ಸಿಲಿಂಡರಿನಿಂದ ಇಂದಿನ ಮೊಬೈಲ್ ಫೋನಿನವರೆಗೆ ಯಂತ್ರಗಳು ಬೆಳೆದಿದ್ದರೂ ಕೇಳಿದ್ದನ್ನು ಬರೆದಿಡುವ ಸಮಸ್ಯೆ ಉಳಿದೇ ಇದೆ. ಹಾಡುಹಕ್ಕಿಗಳ ಗುಂಪಿಗೆ ಸೇರದಿದ್ದರೂ, ಮಳೆಗೆ ಮುನ್ನ ಕೂಗುವ ಕೋಗಿಲೆಯ ಬಳಗದ ಒಂದು ಹಕ್ಕಿಯನ್ನು ಇಲ್ಲಿ ನೆನೆಯಬಹುದು. ಅದರ ಮೂರು ಮಾತ್ರೆಯಂಥ ಕೂಗು ಇಂಗ್ಲಿಷರ ಕಿವಿಗೆ ‘ಬ್ರೇನ್ ಫೀವರ್’ ಎಂದು ಕೇಳಿಸಿತು. ಹಿಂದಿಯವರಿಗೆ ‘ಪೀ ಕಹಾಂ’, ಎಂದರೆ ನಲ್ಲನೆಲ್ಲಿ ಎಂದು. ಮಹಾರಾಷ್ಟ್ರದ ರೈತನಿಗೆ ‘ಪೇರತೇ ವ್ಹಾ’, ಬಿತ್ತನೆಗೆ ತೊಡಗಿರಿ ಎಂದು. ದನಿ ಒಂದೇ, ಕೇಳಿದವನ ಬದುಕು ಅದಕ್ಕೆ ಮಾತು ಕೊಟ್ಟಿತು. ಅನುಕರಣಾವ್ಯಯಗಳಿಗೆ ಕೇಶಿರಾಜನ ಕಾಲದಿಂದಲೂ ವ್ಯಾಕರಣದಲ್ಲಿ ಸ್ಥಾನ ಕೊಟ್ಟಿರುವ ಕನ್ನಡದಲ್ಲಿ ಕುಟುರ, ಕಾಗೆ ಮುಂತಾಗಿ ದನಿಯೇ ಹೆಸರಾದ ಹಕ್ಕಿಗಳೂ ಇವೆ. ಆದರೂ ಗುರುತಿಸುವ ಕೆಲಸಕ್ಕೆ ಅನ್ಯಭಾಷೆಯ ಕೈಪಿಡಿಯ ಅಕ್ಷರಗಳನ್ನು ಕನ್ನಡಕ್ಕೆ ಇಳಿಸಿಕೊಂಡರೆ ಸಾಲದು. ಸ್ವರಗಳೆಷ್ಟು, ಏರುತ್ತವೆಯೋ ಇಳಿಯುತ್ತವೆಯೋ, ನಡುವೆ ಬಿಡುವೆಷ್ಟು, ನಾದ ಕೊಳಲಿನದೋ ಲೋಹದ್ದೋ ಎಂಬುದನ್ನು ತನ್ನ ಕಿವಿಯಿಂದಲೇ ಕೇಳಿ ಬರೆದುಕೊಳ್ಳಬೇಕು. ಸಂಗೀತ ಬಲ್ಲವರಿಗೆ ಈ ಕೆಲಸ ಸುಲಭ. ಟಿಕೆಲ್ಲನ ನೀಲಿ ನೊಣಹಿಡುಕನದು ಲೋಹದ ಸಣ್ಣ ಗೆಜ್ಜೆಯಂಥ ಐದಾರು ಸ್ವರಗಳ ತುಣುಕು, ಮೊದಲು ಇಳಿದು ಮತ್ತೆ ಏರುವಂಥದು. ಮಧುರಕಂಠದ್ದು ಎಳೆದೆಳೆದು ಕೊನೆಗೆ ತಟ್ಟನೆ ತಿರುಗುವ ಸಿಳ್ಳು. ಹೊನ್ನಕ್ಕಿಯದು ದುಂಡಗಿನ, ಕೊಳಲಿನಂಥ ಎರಡು ಮೂರು ಸ್ವರ. ಸಿಳ್ಳಾರದ್ದು ಯಾವ ತಾಳಕ್ಕೂ ಒಗ್ಗದೆ, ಶಾಲೆ ತಪ್ಪಿಸಿಕೊಂಡ ಹುಡುಗನು ದಾರಿಯುದ್ದಕ್ಕೂ ಹಾಕುವ ಸಿಳ್ಳಿನಂತೆ ಅಲೆಯುವಂಥದು.

ನವರಂಗದ ಪ್ರಸಂಗ ಇವೆಲ್ಲಕ್ಕಿಂತ ಬೇರೆ. ಹಸಿರು ಬೆನ್ನು, ರೆಕ್ಕೆಯಲ್ಲಿ ಮಿರುಗುವ ನೀಲಿ, ಕಣ್ಣಿಗೆ ಕಪ್ಪು ಪಟ್ಟಿ, ಬಿಳಿಯ ಗಂಟಲು, ಗೋಧಿಬಣ್ಣದ ಎದೆ, ಬಾಲದಡಿಯಲ್ಲಿ ಕಡುಗೆಂಪು. ಕಾಡಿನ ನೆಲದಲ್ಲಿ ತರಗೆಲೆ ಕೆದಕುತ್ತ ಕುಪ್ಪಳಿಸುವ ಈ ಹಕ್ಕಿಗೆ ಬಣ್ಣದಲ್ಲಿ ಸಾಟಿಯಿಲ್ಲ. ಆದರೆ ಶಾಸ್ತ್ರದ ಕಟ್ಟುನಿಟ್ಟಿನಲ್ಲಿ ಇದು ಹಾಡುಹಕ್ಕಿಯೇ ಅಲ್ಲ; ಹಾಡುಹಕ್ಕಿಗಳ ಸೋದರ ಗುಂಪಿಗೆ ಸೇರಿದ್ದು. ಆ ಗುಂಪಿನಲ್ಲಿ ಕೂಗು ಸಾಮಾನ್ಯವಾಗಿ ಹುಟ್ಟಿನಿಂದಲೇ ಬರುತ್ತದೆ, ಕಲಿಯಬೇಕಾದ್ದಿಲ್ಲ. ಅದರ ಕೂಗು ತಲೆಯನ್ನು ಹಿಂದಕ್ಕೆ ಚೆಲ್ಲಿ ಹಾಕುವ ಎರಡೇ ಸ್ವರದ ಸಿಳ್ಳು. ಮುಖ್ಯವಾಗಿ ಬೆಳಗಿನ ಮಬ್ಬಿನಲ್ಲಿ, ಸಂಜೆಯ ಮಬ್ಬಿನಲ್ಲಿ ಕೂಗುವುದರಿಂದ ತಮಿಳರು ಇದನ್ನು ‘ಆರು ಗಂಟೆಯ ಹಕ್ಕಿ’ ಎಂದು ಕರೆದರು. ಕನ್ನಡ, ಮರಾಠಿಗಳು ಬಣ್ಣವನ್ನು ಹಿಡಿದು ನವರಂಗವೆಂದವು. ತಮಿಳು ದನಿಯ ಹೊತ್ತನ್ನು ಹಿಡಿಯಿತು.

ಚಳಿಗಾಲವನ್ನು ದಕ್ಷಿಣದಲ್ಲಿ ಕಳೆಯುವ ನವರಂಗ ಮುಂಗಾರಿನೊಡನೆ ಉತ್ತರಕ್ಕೆ ಸಾಗಿ ಕರ್ನಾಳಾ ಮೊದಲಾದ ಕೊಂಕಣದ ಕಾಡುಗಳಲ್ಲಿ ಗೂಡು ಕಟ್ಟುತ್ತದೆ. ಪಯಣದ ರಾತ್ರಿಗಳಲ್ಲಿ ನಗರದ ದೀಪಗಳಿಗೆ ಮರುಳಾಗಿ, ದಣಿದು, ಮನೆಗಳ ಜಗಲಿಯಲ್ಲಿ ಬಂದು ಬೀಳುವುದೂ ಉಂಟು. ಕರ್ನಾಟಕದಲ್ಲಿ ಚಳಿಗಾಲದುದ್ದಕ್ಕೂ ಹೆಚ್ಚು ಮೌನವಾಗಿ ತರಗೆಲೆ ಕೆದಕಿದ ಹಕ್ಕಿ, ಜೂನ್ ತಿಂಗಳ ಮಳೆ ಬಿದ್ದ ಮೇಲೆ ಪನವೇಲಿನ ಕಾಡುಗಳಲ್ಲಿ ಗಂಟೆಗಟ್ಟಲೆ ಕೂಗುತ್ತದೆ.