ಆಜ್ಞೆ ಮತ್ತು ಅವಜ್ಞೆ

ಯಲಹಂಕದ ಗೃಹಸ್ಥರೊಬ್ಬರಿಗೆ ಹೈಕೋರ್ಟಿನಲ್ಲಿ ಜಯವಾಯಿತೆಂದು ಇಟ್ಟುಕೊಳ್ಳೋಣ. ಅವರ ಅರ್ಜಿಯನ್ನು ಮೂರು ತಿಂಗಳೊಳಗೆ ಇತ್ಯರ್ಥಪಡಿಸಬೇಕೆಂದು ಒಂದು ಕಚೇರಿಗೆ ಆಜ್ಞೆಯಾಯಿತು. ಗಡುವು ಕಳೆಯಿತು, ಕಡತ ಅಲುಗಲಿಲ್ಲ. ತೀರ್ಪಿನ ಪ್ರತಿ ಕೈಯಲ್ಲಿದೆ, ಫಲವಿಲ್ಲ. ಈಗ ಅವರು ಮಾಡತಕ್ಕದ್ದೇನು?

ಇಂಥವರಿಗೆ ಕಾನೂನು ತೋರಿಸುವ ದಾರಿಗೆ ‘ನ್ಯಾಯಾಂಗ ನಿಂದನೆ’ ಎಂಬ ಹೆಸರು ರೂಢಿಯಲ್ಲಿದೆ. ನಿಂದನೆಯೆಂದರೆ ಬೈಗುಳವೆಂದೇ ನಾವು ತಿಳಿಯುತ್ತೇವೆ. ಆದರೆ 1971ರ ನ್ಯಾಯಾಲಯಗಳ ನಿಂದನಾ ಅಧಿನಿಯಮ ಎರಡು ಬಗೆಗಳನ್ನು ಹೇಳುತ್ತದೆ. ನ್ಯಾಯಾಲಯದ ಆಜ್ಞೆಯನ್ನು ಬೇಕೆಂದೇ ಮೀರುವುದು, ಕೊಟ್ಟ ವಚನಕ್ಕೆ ತಪ್ಪುವುದು ಸಿವಿಲ್ ನಿಂದನೆ. ನ್ಯಾಯಾಲಯದ ಗೌರವಕ್ಕೆ ಮಸಿ ಬಳಿಯುವುದು, ನ್ಯಾಯದಾನಕ್ಕೆ ಅಡ್ಡಿಪಡಿಸುವುದು ಕ್ರಿಮಿನಲ್ ನಿಂದನೆ. ಮೊದಲನೆಯದಕ್ಕೆ ‘ಅವಜ್ಞೆ’ಯೆಂಬ ಮಾತೇ ಒಪ್ಪುತ್ತದೆ.

ಅವಜ್ಞೆಯ ದೂರು ಕೊಡುವವರು ಯಾವ ಆಜ್ಞೆ, ಯಾವ ದಿನಾಂಕದ್ದು, ಎದುರು ಪಕ್ಷಕ್ಕೆ ಅದು ತಿಳಿದದ್ದು ಹೇಗೆ, ಮೀರಿದ್ದು ಹೇಗೆ ಎಂಬುದನ್ನು ಪ್ರಮಾಣಪತ್ರದಲ್ಲಿ ಸ್ಪಷ್ಟಪಡಿಸಬೇಕು. ತಪ್ಪು ನಡೆದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಸಲ್ಲಬೇಕು. ಇದು 20ನೆಯ ಪ್ರಕರಣದ ಕಟ್ಟಳೆ. ಕ್ರಿಮಿನಲ್ ನಿಂದನೆಯಾದರೆ ಸಾಮಾನ್ಯ ನಾಗರಿಕನು ಅಡ್ವೊಕೇಟ್ ಜನರಲ್ಲರ ಲಿಖಿತ ಸಮ್ಮತಿಯನ್ನೂ ಪಡೆಯಬೇಕು. ಅದರ ವಿಚಾರಣೆ ಇಬ್ಬರಿಗೆ ಕಡಿಮೆಯಿಲ್ಲದ ನ್ಯಾಯಮೂರ್ತಿಗಳ ಪೀಠದ ಮುಂದೆ ನಡೆಯುತ್ತದೆ. ಕೆಳಗಿನ ಸಿವಿಲ್ ನ್ಯಾಯಾಲಯ ಕೊಟ್ಟ ತಾತ್ಕಾಲಿಕ ತಡೆಯಾಜ್ಞೆಯನ್ನು ಮೀರಿದರೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೆಯ ಆದೇಶದ 2ಎ ನಿಯಮದಂತೆ ಅದೇ ನ್ಯಾಯಾಲಯದಲ್ಲಿ ಪರಿಹಾರವುಂಟು.

ಇಷ್ಟೊಂದು ಕಟ್ಟುಪಾಡೇಕೆಂದು ನೀವು ಕೇಳಬಹುದು. ಇಲ್ಲಿ ಪಣಕ್ಕಿರುವುದು ಒಬ್ಬ ಮನುಷ್ಯನ ಸ್ವಾತಂತ್ರ್ಯ. ಆರು ತಿಂಗಳವರೆಗೆ ಸೆರೆ, ಎರಡು ಸಾವಿರ ರೂಪಾಯಿವರೆಗೆ ದಂಡ, ಇಲ್ಲವೆ ಎರಡೂ ಆಗಬಹುದು. ಇದು ಬರಿಯ ಬೆದರಿಕೆಯಲ್ಲ. ಬೆಂಗಳೂರಿನ ಎಂಜಿನಿಯರೊಬ್ಬರ ಬಡ್ತಿಯ ವಿಷಯದಲ್ಲಿ ಆಜ್ಞೆ ಪಾಲನೆಯಾಗಲಿಲ್ಲವೆಂದು 1995ರಲ್ಲಿ ಸುಪ್ರೀಂ ಕೋರ್ಟು ಕರ್ನಾಟಕ ಸರ್ಕಾರದ ಕಾರ್ಯದರ್ಶಿ ಜೆ. ವಾಸುದೇವನ್ ಅವರಿಗೆ ಒಂದು ತಿಂಗಳ ಸೆರೆವಾಸ ವಿಧಿಸಿತು. ಆದ್ದರಿಂದಲೇ ಆರೋಪ ಹೊತ್ತವನಿಗೆ ನೋಟೀಸು ಮುಟ್ಟಬೇಕು, ಉತ್ತರ ಕೊಡಲು ಅವಕಾಶವಿರಬೇಕು. ತಿಳಿಯದೆ ಆದ ತಪ್ಪು, ಕೈಮೀರಿದ ವಿಳಂಬ ಇವು ಅವಜ್ಞೆಯಲ್ಲ. ಸಂದೇಹ ಉಳಿದರೆ ಅದರ ಲಾಭ ಅವನದೇ. ಪ್ರಾಮಾಣಿಕವಾಗಿ ಕ್ಷಮೆ ಕೇಳಿದರೆ ನ್ಯಾಯಾಲಯ ಶಿಕ್ಷೆಯನ್ನು ಮನ್ನಿಸಬಹುದು. ಶಿಕ್ಷೆಯಾದವನಿಗೆ ಮೇಲ್ಮನವಿಯ ಹಕ್ಕೂ ಇದೆ.

ಇನ್ನು ನಮ್ಮ ಯಲಹಂಕದ ಗೃಹಸ್ಥರು. ಆಜ್ಞೆಯ ದೃಢೀಕೃತ ಪ್ರತಿಯನ್ನು ಪಡೆದ ಕೂಡಲೆ ಅವರು ಅದನ್ನು ಕಚೇರಿಗೆ ಮುಟ್ಟಿಸಿ ಸ್ವೀಕೃತಿಯ ಮುದ್ರೆ ಹಾಕಿಸಿಕೊಂಡಿರಬೇಕು. ಮೂರು ತಿಂಗಳ ಗಡುವು ಮುಗಿದ ದಿನವನ್ನು ಗುರುತಿಟ್ಟುಕೊಳ್ಳಬೇಕು. ವರ್ಷದ ಎಣಿಕೆ ಅಂದಿನಿಂದ. ‘ಇಂದು ಬಾ, ನಾಳೆ ಬಾ’ ಎಂಬ ಮಾತನ್ನು ನಂಬಿ ಆ ವರ್ಷವನ್ನು ಕಳೆದುಕೊಂಡರೆ, ಗೆದ್ದ ಆಜ್ಞೆಯನ್ನು ಜಾರಿಗೆ ತರುವ ಈ ಬಾಗಿಲು ಮುಚ್ಚಿಹೋದೀತು.