ಡಿಸ್ನಿ ಮನೆಯಿಂದ ಬಂದ ಮೇಷ್ಟ್ರು

1956ರಲ್ಲಿ ಮುಂಬಯಿಯ ಸರ್ಕಾರಿ ಚಿತ್ರಸಂಸ್ಥೆ ಫಿಲ್ಮ್ಸ್ ಡಿವಿಷನ್‌ಗೆ ಅಮೆರಿಕದಿಂದ ಒಬ್ಬ ಚಿತ್ರಗಾರ ಬಂದರು. ಹೆಸರು ಕ್ಲೇರ್ ವೀಕ್ಸ್. ವಾಲ್ಟ್ ಡಿಸ್ನಿ ಸ್ಟುಡಿಯೊದಲ್ಲಿ ವರ್ಷಗಟ್ಟಲೆ ಪಳಗಿದ ಕೈ. ‘ಬ್ಯಾಂಬಿ’, ‘ಪೀಟರ್ ಪ್ಯಾನ್’ ಚಿತ್ರಗಳ ತಂಡದಲ್ಲಿ ದುಡಿದವರು. ಭಾರತ ಅವರಿಗೆ ಪರದೇಶವೇನೂ ಅಲ್ಲ. ಮಿಷನರಿ ದಂಪತಿಯ ಮಗನಾಗಿ ಅವರು ಹುಟ್ಟಿದ್ದೇ ಇಲ್ಲಿ. ಅಮೆರಿಕ ಸರ್ಕಾರದ ತಾಂತ್ರಿಕ ನೆರವಿನ ಯೋಜನೆಯಡಿ ಬಂದ ಅವರಿಗೆ ವಹಿಸಿದ್ದು, ಆಗಷ್ಟೇ ಕಣ್ಣುಬಿಡುತ್ತಿದ್ದ ಕಾರ್ಟೂನ್ ಘಟಕದ ಕಲಾವಿದರಿಗೆ ಚಿತ್ರವನ್ನು ನಡೆಸುವುದು ಹೇಗೆಂದು ಕಲಿಸುವ ಕೆಲಸ.

ಚಿತ್ರ ಬರೆಯುವುದು ಬೇರೆ, ಅದನ್ನು ನಡೆಸುವುದು ಬೇರೆ. ಸಿನಿಮಾ ರೀಲು ಸೆಕೆಂಡಿಗೆ 24 ಚೌಕಟ್ಟಿನಂತೆ ಓಡುತ್ತದೆ. ಒಂದೊಂದು ಚಿತ್ರವನ್ನು ಎರಡೆರಡು ಚೌಕಟ್ಟಿಗೆ ಬಳಸಿಕೊಂಡರೂ ಸೆಕೆಂಡಿಗೆ 12 ಚಿತ್ರ ಬೇಕು, ನಿಮಿಷಕ್ಕೆ 720. ಏಳು ನಿಮಿಷದ ಕಾರ್ಟೂನಿನಲ್ಲಿ ಒಂದೇ ಒಂದು ಪಾತ್ರ ಉದ್ದಕ್ಕೂ ಅಲುಗಾಡುತ್ತಿದ್ದರೆ ಐದು ಸಾವಿರಕ್ಕೂ ಮೀರಿದ ಚಿತ್ರಗಳು. ಎಲ್ಲವೂ ಕೈಯಲ್ಲೇ ಆಗಬೇಕಿದ್ದ ಕಾಲ ಅದು.

ಆ ಕಾಲದ ಅನಿಮೇಟರ್ ಕೂರುತ್ತಿದ್ದ ಮೇಜನ್ನು ಹತ್ತಿರದಿಂದ ನೋಡಬೇಕು. ಇಳಿಜಾರು ಹಲಗೆ, ನಡುವೆ ಗಾಜು, ಗಾಜಿನಡಿ ದೀಪ. ಹಾಳೆಗಳಿಗೆಲ್ಲ ಒಂದೇ ಅಳತೆಯ ತೂತು. ಗೂಟಗಳಿಗೆ ಸಿಕ್ಕಿಸಿದರೆ ಒಂದರ ಮೇಲೊಂದು ಕೂದಲೆಳೆಯಷ್ಟೂ ಜರುಗದೆ ಕೂರುತ್ತವೆ. ದೀಪದ ಬೆಳಕಿಗೆ ಕೆಳಗಿನ ಹಾಳೆಯ ಗೆರೆ ಮೇಲಿನ ಹಾಳೆಯಲ್ಲಿ ಕಾಣುತ್ತದೆ. ಎಡಗೈಯ ಬೆರಳುಗಳ ಸಂದಿಗೆ ಒಂದೊಂದು ಹಾಳೆ ಸಿಕ್ಕಿಸಿಕೊಂಡು ಸರಸರನೆ ಮಗುಚುತ್ತ, ಬಲಗೈಯಲ್ಲಿ ಪೆನ್ಸಿಲ್ ಹಿಡಿದು ಆತ ಗೆರೆ ತಿದ್ದುತ್ತಾನೆ. ಮುಖ್ಯ ಭಂಗಿಗಳನ್ನು ಹಿರಿಯ ಅನಿಮೇಟರ್ ಬರೆದರೆ ನಡುವಿನ ಭಂಗಿಗಳನ್ನು ಸಹಾಯಕರು ತುಂಬಬೇಕು. ಮುಂದೆ ಆ ಗೆರೆಗಳು ಪಾರದರ್ಶಕ ಸೆಲ್ಯುಲಾಯ್ಡ್ ಹಾಳೆಗೆ ಏರುತ್ತವೆ. ಮುಂಬದಿಗೆ ಶಾಯಿ, ಹಿಂಬದಿಗೆ ಬಣ್ಣ. ಕೊನೆಗೆ ಹಿನ್ನೆಲೆ ಚಿತ್ರದ ಮೇಲೆ ಹಾಸಿ, ಒಂದೊಂದೇ ಚೌಕಟ್ಟು ಛಾಯಾಗ್ರಹಣ.

ಗೆರೆ ಸರಿಯಾಗಿದ್ದರೆ ಸಾಲದು, ಅದಕ್ಕೆ ಭಾರ ಬರಬೇಕು. ಹಾರುವ ಮೊದಲು ಪಾತ್ರ ಕುಗ್ಗಬೇಕು, ಹೊಡೆಯುವ ಮೊದಲು ಕೈ ಹಿಂದಕ್ಕೆ ಹೋಗಬೇಕು, ನಿಂತ ಮೇಲೂ ಬಾಲ, ಕಿವಿ, ಬಟ್ಟೆಯ ಅಂಚು ಒಂದು ಗಳಿಗೆ ಆಡುತ್ತಿರಬೇಕು. ಯಕ್ಷಗಾನದಲ್ಲಿ ಚಿಟ್ಟಾಣಿ ರಾಮಚಂದ್ರ ಹೆಗಡೆಯವರ ಭಸ್ಮಾಸುರನನ್ನು ಕಂಡ ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಒಂದು ಹಾರಿಕೆಗೆ ಎಷ್ಟು ಮೊದಲಿನಿಂದ ಮೈ ಸಜ್ಜಾಗುತ್ತದೆ, ಹೆಜ್ಜೆ ನಿಂತ ಮೇಲೂ ಕಣ್ಣು ಹೇಗೆ ಕುಣಿಯುತ್ತಿರುತ್ತದೆ ಎಂಬುದು ಅವರ ವೇಷದಲ್ಲೇ ಇತ್ತು. ಡಿಸ್ನಿಯ ಕಲಾವಿದರು ಅಂಥದ್ದನ್ನು ಹಾಳೆಯ ಮೇಲೆ ಲೆಕ್ಕ ಹಾಕಿ ಕಟ್ಟಿದರು. ಅವರಲ್ಲಿ ಇಬ್ಬರು, ಫ್ರ್ಯಾಂಕ್ ಥಾಮಸ್ ಮತ್ತು ಆಲಿ ಜಾನ್‌ಸ್ಟನ್, 1981ರಲ್ಲಿ ಆ ಸೂತ್ರಗಳನ್ನೆಲ್ಲ ಪುಸ್ತಕ ಮಾಡಿದರು. ಇಂದಿಗೂ ಅನಿಮೇಷನ್ ಶಾಲೆಗಳಲ್ಲಿ ಮೊದಲ ಪಾಠ ಅದೇ.

ವೀಕ್ಸ್ ಪಳಗಿದ ಆ ಸ್ಟುಡಿಯೊ 1937ರಲ್ಲಿ ‘ಸ್ನೋ ವೈಟ್’ ಎಂಬ ಪೂರ್ಣಪ್ರಮಾಣದ ಚಿತ್ರ ಮಾಡಿ ಗೆದ್ದಿತ್ತು. 1942ರಲ್ಲಿ ಬಂದದ್ದು ‘ಬ್ಯಾಂಬಿ’, ಕಾಡಿನ ಜಿಂಕೆಮರಿಯ ಕತೆ. ಅದಕ್ಕಾಗಿ ಮೇನ್ ರಾಜ್ಯದಿಂದ ಎರಡು ಜೀವಂತ ಜಿಂಕೆಮರಿಗಳನ್ನೇ ತರಿಸಿದರು. ರಿಕೊ ಲೆಬ್ರನ್ ಎಂಬ ಕಲಾವಿದ ಅನಿಮೇಟರುಗಳಿಗೆ ಜಿಂಕೆಯ ಎಲುಬು, ಕೀಲು, ಸ್ನಾಯುಗಳ ಪಾಠ ಹೇಳಿದರು. ಚೀನಾದಿಂದ ಬಾಲಕನಾಗಿ ವಲಸೆ ಬಂದಿದ್ದ ಟೈರಸ್ ವಾಂಗ್ ಎಲೆ ಎಲೆ ಎಣಿಸಿ ಬರೆಯದೆ, ಮಂಜು ಮುಸುಕಿದ ಕಾಡನ್ನು ನಾಲ್ಕು ಕುಂಚದೆಳೆತದಲ್ಲಿ ತೋರಿಸಿದರು. ಮಳೆಗಾಲದ ಬೆಳಗಿನಲ್ಲಿ ಮಲೆನಾಡಿನ ಸೊಪ್ಪಿನಬೆಟ್ಟ ನೋಡಿದವರಿಗೆ ಆ ಹಿನ್ನೆಲೆಗಳ ಸೊಗಸು ಬೇಗ ಹಿಡಿಸುತ್ತದೆ.

ಆ ಮನೆಯಲ್ಲಿ ಎಲ್ಲವೂ ಸೊಗಸಾಗಿರಲಿಲ್ಲ. ಶಾಯಿ, ಬಣ್ಣದ ವಿಭಾಗದಲ್ಲಿ ಹೆಂಗಸರೇ ತುಂಬಿದ್ದರು, ಅನಿಮೇಟರ್ ಮೇಜಿಗೆ ಮಾತ್ರ ಅವರಿಗೆ ಪ್ರವೇಶ ಅಪರೂಪ. ‘ಬ್ಯಾಂಬಿ’ಯ ಬೇಟೆನಾಯಿಗಳ ದೃಶ್ಯ ಬರೆದ ರೆಟ್ಟಾ ಸ್ಕಾಟ್, ಡಿಸ್ನಿ ಚಿತ್ರವೊಂದರಲ್ಲಿ ಅನಿಮೇಟರ್ ಎಂದು ಹೆಸರು ಹಾಕಿಸಿಕೊಂಡ ಮೊದಲ ಮಹಿಳೆ. 1941ರಲ್ಲಿ ನೌಕರರು ಸಂಘದ ಮಾನ್ಯತೆಗಾಗಿ ವಾರಗಟ್ಟಲೆ ಮುಷ್ಕರ ಹೂಡಿದರು. ತೆರೆಯ ಮೇಲೆ ಕೆಲಸಗಾರರ ಹೆಸರು ಸರಿಯಾಗಿ ಬರುವುದಿಲ್ಲ ಎಂಬುದೂ ಅವರ ನೋವುಗಳಲ್ಲೊಂದಾಗಿತ್ತು. ಮಿಕ್ಕಿ ಮೌಸನ್ನು ಜಗತ್ತಿಗೆ ಪರಿಚಯಿಸಿದ 1928ರ ‘ಸ್ಟೀಮ್‌ಬೋಟ್ ವಿಲ್ಲಿ’ಯ ಬಹುಪಾಲು ಚಿತ್ರ ಬರೆದವರು ಅಬ್ ಐವರ್ಕ್ಸ್. ಮಿಕ್ಕಿಯನ್ನು ಬಲ್ಲವರಲ್ಲಿ ಆ ಹೆಸರು ಬಲ್ಲವರೆಷ್ಟು?

ಮುಂಬಯಿಗೆ ಬಂದ ವೀಕ್ಸ್ ಅಮೆರಿಕದ ಕತೆ ತರಲಿಲ್ಲ. ಅವರ ಮಾರ್ಗದರ್ಶನದಲ್ಲಿ 1957ರಲ್ಲಿ ತಯಾರಾದ ‘ದಿ ಬನಿಯನ್ ಡೀರ್’ ಬೌದ್ಧ ಜಾತಕದ ನ್ಯಗ್ರೋಧಮೃಗದ ಕತೆ. ಬೇಟೆಯ ಗದ್ದಲ ತಪ್ಪಿಸಲು ದಿನಕ್ಕೊಂದು ಜಿಂಕೆ ತಾನಾಗಿ ಕೊರಳೊಡ್ಡುವುದೆಂದು ಕಾಡಿನಲ್ಲಿ ಒಪ್ಪಂದವಾಗಿದೆ. ಒಂದು ದಿನ ಬಸುರಿ ಜಿಂಕೆಯ ಸರದಿ ಬರುತ್ತದೆ. ಆಗ ಅವಳ ಬದಲು ಜಿಂಕೆಗಳ ಒಡೆಯನೇ ಕೊರಳೊಡ್ಡುತ್ತಾನೆ, ಅರಸನ ಮನಸ್ಸು ಕರಗುತ್ತದೆ. ಚಿತ್ರದ ರೂಪಕ್ಕೆ ಅಜಂತೆಯ ಭಿತ್ತಿಚಿತ್ರಗಳತ್ತ ನೋಡಿದರು. ಜಿಂಕೆಯ ನಡಿಗೆಯಲ್ಲಿ ಡಿಸ್ನಿಯ ಶಿಸ್ತು, ಕತೆಯೂ ಗೆರೆಯ ಒಲವೂ ಈ ನೆಲದ್ದು. ವೀಕ್ಸ್ ಮಾಡಿದ ದೊಡ್ಡ ಉಪಕಾರ ಇದೇ. ಕಸುಬು ಕೊಟ್ಟರು, ಮುಖ ಕಿತ್ತುಕೊಳ್ಳಲಿಲ್ಲ.

ಅವರ ಕೈಕೆಳಗೆ ಕಲಿತವರಲ್ಲಿ ರಾಮ್ ಮೋಹನ್ ಮುಂದೆ ಭಾರತೀಯ ಅನಿಮೇಷನ್‌ನ ಪಿತಾಮಹ ಎನಿಸಿಕೊಂಡರು. ಮೃಣಾಲ್ ಸೇನರ ‘ಭುವನ್ ಶೋಮ್’, ಸತ್ಯಜಿತ್ ರಾಯ್ ಅವರ ‘ಶತರಂಜ್ ಕೆ ಖಿಲಾಡಿ’ ಚಿತ್ರಗಳ ಅನಿಮೇಷನ್ ಭಾಗಗಳು ಅವರವೇ. ಜಪಾನಿನ ಯುಗೊ ಸಾಕೊ ಅವರೊಂದಿಗೆ ರಾಮಾಯಣದ ಪೂರ್ಣಪ್ರಮಾಣದ ಅನಿಮೇಷನ್ ಚಿತ್ರ ಮಾಡಿದರು. ಹೆಣ್ಣುಮಕ್ಕಳ ಶಾಲೆ, ಊಟ, ಆರೋಗ್ಯದ ಮಾತಾಡುವ ಯುನಿಸೆಫ್‌ನ ‘ಮೀನಾ’ ಸರಣಿಯಲ್ಲೂ ಅವರ ಕೈಯಿದೆ. 2014ರಲ್ಲಿ ಪದ್ಮಶ್ರೀ ಬಂತು, 2019ರಲ್ಲಿ ತೀರಿಕೊಂಡರು. ಫಿಲ್ಮ್ಸ್ ಡಿವಿಷನ್ ಅನಿಮೇಷನ್‌ನ ಇನ್ನೊಂದು ಕುಡಿ ವಿಜಯಾ ಮುಳೆ ನಿರ್ದೇಶಿಸಿ, ಭೀಮ್‌ಸೇನ್ ಅನಿಮೇಷನ್ ಮಾಡಿದ 1974ರ ‘ಏಕ್ ಅನೇಕ್ ಔರ್ ಏಕತಾ’. ಮಲೆನಾಡಿನ ಮನೆಗಳಲ್ಲಿ ಉದ್ದ ಕಂಬಕ್ಕೆ ಕಟ್ಟಿದ ಆಂಟೆನಾ ತಿರುಗಿಸಿ ದೂರದರ್ಶನ ನೋಡಿದ ತಲೆಮಾರಿಗೆ ಆ ಹಕ್ಕಿಗಳ ಹಿಂಡು, ಬೇಡನ ಬಲೆ ಹಿಂದಿ ಬಾರದಿದ್ದರೂ ನೆನಪಿವೆ.

ಕರ್ನಾಟಕದ ಮಾತಿಗೆ ಬಂದರೆ, ಬೆಂಗಳೂರು ಈ ಕಸುಬಿನ ದೊಡ್ಡ ಪೇಟೆಯಾಗಿ ವರ್ಷಗಳೇ ಆದವು. ಹಾಲಿವುಡ್ಡಿನ ಡ್ರೀಮ್‌ವರ್ಕ್ಸ್ ಸಂಸ್ಥೆಗೆ ಟೆಕ್ನಿಕಲರ್ ಜೊತೆಗೂಡಿ ಇಲ್ಲೊಂದು ಘಟಕವೇ ಇತ್ತು. 2011ರ ‘ಪುಸ್ ಇನ್ ಬೂಟ್ಸ್’ ಚಿತ್ರಕ್ಕೆ ಅಲ್ಲಿನವರೂ ದುಡಿದರು. ಆದರೆ ಬಹುಪಾಲು ಕೆಲಸ ಹೊರಗಿನವರ ಕತೆಗೆ ಕೈಯಾಗುವುದು. 2025ರ ಫೆಬ್ರವರಿಯಲ್ಲಿ ಟೆಕ್ನಿಕಲರ್ ಸಮೂಹ ಕುಸಿದಾಗ ಬೆಂಗಳೂರಿನಲ್ಲಿ ಸಾವಿರಾರು ಮಂದಿಯ ಕೆಲಸ ಹೋಯಿತು. ಕೈ ನಮ್ಮದು, ಕತೆ ಮತ್ತು ಗಂಟು ಬೇರೆಯವರದು ಎಂದಾದಾಗ ಆಗುವುದು ಹೀಗೇ.

ಅದಕ್ಕೇ ‘ಪುಣ್ಯಕೋಟಿ’ಯಂಥ ಪ್ರಯತ್ನಕ್ಕೆ ಬೆಲೆ ಹೆಚ್ಚು. ಸಾಫ್ಟ್‌ವೇರ್ ಕ್ಷೇತ್ರದಲ್ಲಿದ್ದ ವಿ. ರವಿಶಂಕರ್ ನಮ್ಮ ಗೋವಿನ ಹಾಡಿನ ಕತೆಯನ್ನು ಜನರಿಂದ ಹಣ ಕೂಡಿಸಿ ಸಂಸ್ಕೃತದಲ್ಲಿ ಪೂರ್ಣಪ್ರಮಾಣದ ಅನಿಮೇಷನ್ ಚಿತ್ರವಾಗಿಸಿದರು. ಬೇರೆ ಬೇರೆ ಊರುಗಳಲ್ಲಿದ್ದ ಕಲಾವಿದರು ತಮ್ಮ ತಮ್ಮ ಜಾಗದಿಂದಲೇ ಕೈಜೋಡಿಸಿದರು. ಇಳಯರಾಜ ಸಂಗೀತ, ಪುಣ್ಯಕೋಟಿಗೆ ನಟಿ ರೇವತಿಯ ದನಿ. 2020ರಲ್ಲಿ ಚಿತ್ರ ಹೊರಬಂತು. ಕೊಟ್ಟ ಮಾತಿಗಾಗಿ ಹುಲಿಯ ಮುಂದೆ ನಿಲ್ಲುವ ಹಸು, ಬಸುರಿಯ ಬದಲು ಕೊರಳೊಡ್ಡುವ ಜಿಂಕೆ: ಎರಡನ್ನೂ ಒಟ್ಟಿಗೆ ನೋಡಿದರೆ ವೀಕ್ಸ್ ಆರಿಸಿಕೊಂಡ ಕತೆ ಕನ್ನಡದ ಮಕ್ಕಳಿಗೆ ಎಷ್ಟು ಹತ್ತಿರದ್ದೆಂದು ತಿಳಿಯುತ್ತದೆ.

ಕತೆಯಷ್ಟೇ ಅಲ್ಲ, ಗೆರೆಯೂ ನಮ್ಮಲ್ಲಿದೆ. ಸಿದ್ದಾಪುರ, ಸೊರಬ, ಸಾಗರದ ಕಡೆ ದೀವರ ಸಮುದಾಯದ ಹೆಣ್ಣುಮಕ್ಕಳು ಗೋಡೆಗೆ ಕೆಮ್ಮಣ್ಣು ಬಳಿದು, ಪುಂಡಿನಾರಿನ ಕುಂಚ ಹಿಡಿದು, ಅಕ್ಕಿಹಿಟ್ಟಿನಲ್ಲಿ ಹಸೆ ಚಿತ್ತಾರ ಬರೆಯುತ್ತಾರೆ. ಭೂಮಿ ಹುಣ್ಣಿಮೆಗೆ ಬುಟ್ಟಿಯ ಮೇಲೂ ಅದೇ ಎಳೆ. ಒಂದೊಂದು ಗೆರೆ ಇನ್ನೊಂದರ ಪಕ್ಕ ಸಮ ಅಂತರದಲ್ಲಿ ಕೂರುವ ಆ ಶಿಸ್ತು ಯಾವ ಅನಿಮೇಟರ್ ಮೇಜಿಗೂ ಕಡಿಮೆಯಲ್ಲ. ಅಜಂತೆಯ ಗೋಡೆ ತೆರೆಗೆ ಬರಬಹುದಾದರೆ ಚಿತ್ತಾರದ ಗೋಡೆಯೂ ಬರಬಹುದು, ಬರಬೇಕು.

ಈಗ ಅದಕ್ಕೆ ದೊಡ್ಡ ಸ್ಟುಡಿಯೊ ಬೇಕಿಲ್ಲ. ಒಂದೊಂದೇ ಫೋಟೊ ತೆಗೆದು ಜೋಡಿಸಿ ಓಡಿಸುವ ಆ್ಯಪ್‌ಗಳು ಮೊಬೈಲಿನಲ್ಲೇ ಸಿಗುತ್ತವೆ. ಶಿರಸಿ, ಸಿದ್ದಾಪುರ, ಯಲ್ಲಾಪುರದ ಡ್ರಾಯಿಂಗ್ ಮೇಷ್ಟ್ರುಗಳು ಮುಂದಿನ ಬೇಸಿಗೆ ಶಿಬಿರಕ್ಕೆ ಚಿತ್ತಾರ ಬರೆಯುವ ಒಬ್ಬ ಅಜ್ಜಿಯನ್ನು ಗೌರವಧನ ಕೊಟ್ಟು ಕರೆಯಿಸಲಿ. ಮಕ್ಕಳು ಅವರಿಂದ ಗೆರೆ ಕಲಿತು, ಸೆಕೆಂಡಿಗೆ 12ರಂತೆ ಹತ್ತು ಸೆಕೆಂಡಿನ ಒಂದು ಚಿತ್ರ ಮಾಡಲಿ. 120 ಹಾಳೆಯ ಕೆಲಸ, ಒಂದು ಶಿಬಿರಕ್ಕೆ ಹೆಚ್ಚಲ್ಲ. ಕೊನೆಯಲ್ಲಿ, ಚಿತ್ರ ಬರೆದ ಪ್ರತಿ ಮಗುವಿನ ಹೆಸರನ್ನೂ, ಎಲ್ಲಕ್ಕಿಂತ ಮೊದಲು ಆ ಅಜ್ಜಿಯ ಹೆಸರನ್ನೂ ತೆರೆಯ ಮೇಲೆ ಹಾಕಲಿ.